ಕೊರಳಿಲ್ಲದ ಗಂಟೆ

ನನ್ನ ಇಂಗ್ಲಿಷ್ ನಿಘಂಟಿನಲ್ಲಿ ಬೆಲ್‌ವೆದರ್ ಎಂಬ ಶಬ್ದವಿರುವ ಪುಟದ ನಡುವೆ ಕರಿ ಉಣ್ಣೆಯ ಒಂದು ಎಳೆ ಇದೆ. ಅಪ್ಪನ ಕಂಬಳಿಯದು. ಒಂದು ಸೋಮವಾರ ನನ್ನ ಸೆರಗಿಗೆ ಅಂಟಿಕೊಂಡು ಬಂತು, ಎಸೆಯಲು ಮನಸ್ಸಾಗದೆ ಅಲ್ಲಿಟ್ಟೆ. ಆಮೇಲೆ ಆ ಪುಟವನ್ನು ತೆರೆಯುವುದನ್ನೇ ಕಡಿಮೆ ಮಾಡಿದ್ದೇನೆ. ತೆರೆದರೆ ಕುರಿಯ ವಾಸನೆ ಬರುತ್ತದೆ. ವಾಸನೆಗೆ ನಾನು ಹೆದರುವವಳಲ್ಲ, ಕುರಿಹಟ್ಟಿಯ ಮಗ್ಗುಲಲ್ಲೇ ಹುಟ್ಟಿ ಬೆಳೆದವಳು. ನನಗೆ ಹೆದರಿಕೆ ಇರುವುದು ಸಪ್ಪಳದ್ದು.

ನಾನು ಹುಕ್ಕೇರಿಯ ಒಂದು ಹೈಸ್ಕೂಲಿನಲ್ಲಿ ಇಂಗ್ಲಿಷ್ ಕಲಿಸುತ್ತೇನೆ. ಮನೆ ಗೋಕಾಕದಲ್ಲಿ, ದಿನಾ ಬಸ್ಸಿನಲ್ಲಿ ಹೋಗಿ ಬರುವುದು. ತವರು ಮೂಡಲಗಿ ಕಡೆಯ ತುಕ್ಕಾನಟ್ಟಿ. ಅಲ್ಲಿ ನಮಗೆ ಸ್ವಲ್ಪ ಹೊಲ, ಅರವತ್ತು ಕುರಿ. ಹೊಲ ಅವ್ವನ ಉಸ್ತುವಾರಿ, ಕುರಿ ಅಪ್ಪನದು. ಅಪ್ಪ ಹೊಲದ ಕಡೆ ಹಣಿಕಿ ಹಾಕುವುದಿಲ್ಲ, ಅವ್ವ ಹಟ್ಟಿಯ ಕಡೆ ತಲೆ ಹಾಕುವುದಿಲ್ಲ. ಇಬ್ಬರೂ ಇಷ್ಟು ವರ್ಷ ಜಗಳವಿಲ್ಲದೆ ಬಾಳಿದ್ದಕ್ಕೆ ಇದೇ ಕಾರಣವಿರಬೇಕು ಎಂದು ನಾನು ತಮಾಷೆ ಮಾಡುತ್ತಿದ್ದೆ.

ಬೆಲ್‌ವೆದರ್ ಎಂಬ ಶಬ್ದವನ್ನು ನಾನು ಮೊದಲು ಕಂಡದ್ದು ಕಾಲೇಜಿನಲ್ಲಿದ್ದಾಗ, ಇಂಗ್ಲಿಷ್ ಪತ್ರಿಕೆಯೊಂದರಲ್ಲಿ. ಯಾವುದೋ ಮತಕ್ಷೇತ್ರಕ್ಕೆ ಹಾಗೆಂದಿದ್ದರು, ಅಲ್ಲಿ ಗೆದ್ದ ಪಕ್ಷವೇ ರಾಜ್ಯದಲ್ಲೂ ಗೆಲ್ಲುತ್ತದೆ ಎಂಬ ಅರ್ಥದಲ್ಲಿ. ಇನ್ನೊಂದು ದಿನ ಶೇರುಪೇಟೆಯ ಪುಟದಲ್ಲಿ ಒಂದು ಕಂಪನಿಗೆ ಅದೇ ಬಿರುದು. ನಿಘಂಟು ತೆರೆದು ನೋಡಿದೆ, ನಗು ಬಂತು. ಬೆಲ್ ಎಂದರೆ ಗಂಟೆ. ವೆದರ್ ಎಂದರೆ ಇಲ್ಲಿ ಬೀಜ ಒಡೆದ ಟಗರು, ಹವಾಮಾನಕ್ಕೂ ಅದಕ್ಕೂ ಸಂಬಂಧವಿಲ್ಲ. ಎರಡೂ ಕೂಡಿದರೆ, ಕೊರಳಿಗೆ ಗಂಟೆ ಕಟ್ಟಿಕೊಂಡು ಹಿಂಡಿನ ಮುಂದೆ ನಡೆಯುವ ಟಗರು. ಅಲ್ಲಿಂದ ಮುಂದೆ ಆ ಶಬ್ದ ಮನುಷ್ಯರಿಗೆ ಹತ್ತಿದೆ: ಎಲ್ಲರಿಗಿಂತ ಮುಂದಿರುವವನು, ಮುಂದಾಳು. ಹಳೆಯ ಬಳಕೆಯಲ್ಲಿ ತುಸು ತಾತ್ಸಾರವೂ ಇದೆ, ಗುಂಪು ಕಟ್ಟಿಕೊಂಡು ಗದ್ದಲ ಎಬ್ಬಿಸುವವನು ಎಂಬಂತೆ. ದೊಡ್ಡವರು ದೊಡ್ಡ ಪತ್ರಿಕೆಯಲ್ಲಿ ಬರೆಯುವ ಶಬ್ದವೊಂದು ನಮ್ಮ ಹಟ್ಟಿಯಲ್ಲಿ ಮೆಲುಕು ಹಾಕುತ್ತ ನಿಂತಿದೆಯಲ್ಲ ಎಂದು ನನಗೆ ಜಂಬವೋ ಜಂಬ. ಆ ಜಂಬ ಬಹಳ ವರ್ಷ ಉಳಿಯಿತು.

ಹೋದ ಚಳಿಗಾಲದಲ್ಲಿ ತಾಲೂಕಿನ ಇಂಗ್ಲಿಷ್ ಶಿಕ್ಷಕರ ಸಭೆ ನಮ್ಮ ಶಾಲೆಯಲ್ಲೇ ಇತ್ತು. ಪ್ರತಿಯೊಬ್ಬರೂ ಅಪರೂಪದ ಶಬ್ದವೊಂದನ್ನು ಆರಿಸಿ, ಅದಕ್ಕೆ ಸಂಬಂಧಪಟ್ಟ ವಸ್ತುವನ್ನು ಕೈಯಲ್ಲಿ ಹಿಡಿದು ಮಾದರಿ ಪಾಠ ಮಾಡಿ ತೋರಿಸಬೇಕು ಎಂದು ಸೂಚನೆ ಬಂದಿತ್ತು. ಇಂಥ ಸಭೆಗಳೆಂದರೆ ನನಗೆ ಮೈಯೆಲ್ಲ ಉರಿ. ಎಲ್ಲರೂ ಥರ್ಮಾಕೋಲಿನಲ್ಲಿ ಏನಾದರೂ ಕತ್ತರಿಸಿ ತರುತ್ತಾರೆ, ಎಲ್ಲರೂ ಚಪ್ಪಾಳೆ ತಟ್ಟುತ್ತಾರೆ, ಉಪ್ಪಿಟ್ಟು ತಿಂದು ಮನೆಗೆ ಹೋಗುತ್ತಾರೆ. ಈ ಸಲ ಇವರ ಬಾಯಿ ಮುಚ್ಚಿಸುತ್ತೇನೆ ಎಂದುಕೊಂಡೆ. ಖರೇ ಗಂಟೆ ಒಯ್ಯುತ್ತೇನೆ. ಭಾನುವಾರ ತುಕ್ಕಾನಟ್ಟಿಗೆ ಹೋದೆ.

ಹದಿನೈದು ದಿನದ ಹಿಂದಷ್ಟೇ ನಮ್ಮ ಗಂಟೆಯ ಟಗರು ವಯಸ್ಸಾಗಿ ಸತ್ತಿತ್ತು. ಗಂಟೆಯನ್ನು ಬಿಚ್ಚಿ ಪಡಸಾಲೆಯ ಗೂಟಕ್ಕೆ ತೂಗುಹಾಕಿದ್ದರು. ನಮ್ಮ ಮನೆಯಲ್ಲಿ ಇದಕ್ಕೊಂದು ರೂಢಿ ಇದೆ. ಕೊರಳಿನಿಂದ ಬಿಚ್ಚಿದ ಗಂಟೆಯ ಬಾಯಿಗೆ ಅದೇ ಹಿಂಡಿನ ಉಣ್ಣೆಯನ್ನು ಗಿಡಿದು ತುಂಬುತ್ತಾರೆ, ನಾಲಿಗೆ ಅಲುಗಬಾರದು. ಹೊಸ ಟಗರಿನ ಕೊರಳಿಗೆ ಕಟ್ಟುವ ದಿನವೇ ಆ ಉಣ್ಣೆ ತೆಗೆಯುವುದು. ಹೊಸ ಟಗರು ಇನ್ನೂ ತಯಾರಾಗಿರಲಿಲ್ಲ. ಅಪ್ಪ ಅದಕ್ಕೆ ಹಗ್ಗ ಹಾಕಿ, ಹಗ್ಗದ ತುದಿ ಕೈಯಲ್ಲಿ ಹಿಡಿದುಕೊಂಡೇ ಕುರಿ ಮೇಯಿಸಿ ಬರುತ್ತಿದ್ದ. ಅದಕ್ಕೆ ದಾರಿ ಕಲಿಸುತ್ತಿದ್ದಾನೆ ಎಂದು ಎಲ್ಲರೂ ತಿಳಿದಿದ್ದೆವು.

ನಾನು ಹೋದಾಗ ಅಪ್ಪ ಕಟ್ಟೆಯ ಮೇಲೆ ಕೂತಿದ್ದ. ಎದುರಿಗೇ ಹೋಗಿ ನಿಂತೆ. ನೇರ ನನ್ನ ಕಡೆಗೇ ಮುಖ ಮಾಡಿ, ‘ಯಾರು?’ ಅಂದ.

‘ಯಾರಂದ್ರ? ಮಗಳ ಗುರ್ತ ಸಿಗವಲ್ದೇನ?’ ಎಂದು ಸಿಡುಕಿದೆ.

‘ನಿನ್ನ ಕೈಯಾಗ ಬಳಿ ಸಪ್ಪಳನ ಇಲ್ಲಲ್ಲ ಯವ್ವಾ, ಹೆಂಗ ಗೊತ್ತಾಗಬೇಕ?’ ಎಂದು ನಕ್ಕ. ನಾನೂ ನಕ್ಕೆ. ಶಾಲೆಗೆ ಹೋಗುವವಳು ಎಂದು ಕೈಗೆ ಒಂದೊಂದೇ ಬಳೆ ಹಾಕಿಕೊಳ್ಳುವ ನನ್ನ ಪದ್ಧತಿ ಅವನಿಗೆ ಮೊದಲಿನಿಂದ ಸೇರುವುದಿಲ್ಲ. ಅದನ್ನೇ ಚುಚ್ಚಿದ ಎಂದುಕೊಂಡೆ. ಚಹಾ ಕೊಟ್ಟರೆ ಕಪ್ಪಿನ ಅಂಚನ್ನು ಬೆರಳಿನಿಂದ ಸವರಿ ನೋಡಿ ಕುಡಿದ. ಗಂಟೆ ಕೇಳಿದರೆ ಗೋಡೆ ಹಿಡಿದು ಗೂಟದ ತನಕ ಹೋಗಿ ತಂದ. ಇವೆಲ್ಲ ಕಣ್ಣೆದುರೇ ನಡೆದವು, ನಾನು ನೋಡಿದೆ, ಏನೂ ತಿಳಿದುಕೊಳ್ಳಲಿಲ್ಲ.

ಇಂಗ್ಲಿಷಿನವರು ಇದಕ್ಕೊಂದು ಹೆಸರಿಟ್ಟಿದ್ದಾರೆ, ಮುಂದಾಳು ಎಂಬ ಅರ್ಥದಲ್ಲಿ ಬಳಸುತ್ತಾರೆ ಎಂದು ಅಪ್ಪನಿಗೆ ಹೇಳಿದೆ.

‘ಮುಂದಾಳು?’ ಅಪ್ಪನಿಗೆ ನಗು ತಡೆಯಲಾಗಲಿಲ್ಲ. ‘ಬೀಜ ಒಡದಿದ್ದ ಯಾಕ ಮತ್ತ? ಬೀಜ ಇದ್ದ ಟಗರ ತನ್ನ ದಾರಿ ತಾ ಹಿಡಿತೈತಿ. ಇದಕ್ಕ ತನ್ನ ದಾರೀನ ಇಲ್ಲ, ನಾ ಹೇಳಿದ ಕಡಿ ಹೋಗೂದು. ಮುಂದ ಹೋಗೂದು ಅದರ ಕೆಲಸ ಅಲ್ಲವ್ವ. ಸಪ್ಪಳ ಮಾಡೂದು ಅದರ ಕೆಲಸ.’

‘ಯಾರ ಸಲುವಾಗಿ ಸಪ್ಪಳ?’

ಗಂಟೆಯನ್ನು ನನ್ನ ಕೈಗಿಡುತ್ತ, ‘ಒಯ್ಯಿ. ಬಾಯಾಗಿನ ಉಣ್ಣಿ ಮಾತ್ರ ತಗೀಬ್ಯಾಡ’ ಅಂದ.

‘ತಗದ್ರ ಏನಾಕೈತಿ?’

‘ಕೊಳ್ಳ ಇಲ್ಲದ ಗಂಟಿ ಅದು. ಬಾರಿಸಿದ್ರ ಕರೀತೈತಿ.’

‘ಯಾರನ್ನ?’

‘ಯಾರಿಗಿ ಕೇಳತೈತಿ ಅವರನ್ನ.’

ಹಗಲು ಹೊತ್ತು, ಬಿಸಿಲು ಅಂಗಳದ ತುಂಬ ಬಿದ್ದಿತ್ತು. ಆದರೂ ನನ್ನ ತೋಳಿನ ಮೇಲಿನ ಕೂದಲು ಎದ್ದು ನಿಂತವು. ಅವ್ವ ಒಳಗಿನಿಂದ, ‘ಓದಿದಾಕಿಗಿ ಹಿಂತಾದೆಲ್ಲ ಹೇಳಬ್ಯಾಡ, ನಗತಾಳು’ ಎಂದು ಕೂಗಿದಳು. ನಾನು ನಕ್ಕೆ. ನಗಬೇಕೆಂದು ನಕ್ಕೆ.

ಮರುದಿನ ಹುಕ್ಕೇರಿಯ ಸಭೆಯಲ್ಲಿ ನನ್ನ ಸರದಿ ಬಂದಾಗ ಹನ್ನೊಂದು ದಾಟಿತ್ತು. ನಲವತ್ತು ಮಂದಿ ಶಿಕ್ಷಕರು. ಶಬ್ದವನ್ನು ಹಲಗೆಯ ಮೇಲೆ ಬರೆದೆ, ಒಡೆದು ತೋರಿಸಿದೆ, ಚುನಾವಣೆ, ಪೇಟೆ, ಫ್ಯಾಶನ್ ಎಂದು ಎಲ್ಲೆಲ್ಲಿ ಬಳಸುತ್ತಾರೆಂದು ವಾಕ್ಯ ಮಾಡಿ ಹೇಳಿದೆ. ಆಮೇಲೆ ಗಂಟೆಯನ್ನು ಎತ್ತಿ ಹಿಡಿದೆ. ಹಿಂದಿನ ಬೆಂಚಿನಿಂದ ಒಬ್ಬರು, ‘ಮೇಡಮ್ಮರ, ನಿಮ್ಮ ಗಂಟಿ ಮೂಕ ಐತೇನ್ರಿ?’ ಅಂದರು. ಎಲ್ಲರೂ ನಕ್ಕರು. ನನ್ನ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ, ಅದು ಮನೆಮಂದಿಗೆಲ್ಲ ಗೊತ್ತು. ಎರಡು ಬೆರಳು ಹಾಕಿ ಉಣ್ಣೆಯನ್ನು ಕಿತ್ತು ಮೇಜಿನ ಮೇಲೆ ಎಸೆದೆ. ಮೂರು ಸಲ ಬಾರಿಸಿದೆ.

ಆ ಸಪ್ಪಳವನ್ನು ನಾನು ಹುಟ್ಟಿದಾಗಿನಿಂದ ಕೇಳಿದವಳು. ಆದರೆ ಅದು ಯಾವಾಗಲೂ ಕುರಿಗಳ ಕಾಲಿನ ಸದ್ದು, ಕೆಮ್ಮು, ಅಪ್ಪನ ‘ಹೈ, ಹೈ’ ಎಲ್ಲದರ ನಡುವೆ ಬರುವ ಸಪ್ಪಳ. ಸಿಮೆಂಟಿನ ಕೋಣೆಯಲ್ಲಿ ಅದೊಂದೇ ಕೇಳಿದಾಗ ನನಗೇ ಗುರುತು ಸಿಗಲಿಲ್ಲ. ಯಾರೋ ಬಾಗಿಲಲ್ಲಿ ನಿಂತು ಹೆಸರು ಹಿಡಿದು ಕರೆದಂತಿತ್ತು. ಕಿಟಕಿಯ ಆಚೆ, ಮಗ್ಗುಲು ಮನೆಯ ಅಂಗಳದಲ್ಲಿ ಕಟ್ಟಿದ್ದ ಆಡೊಂದು ಮಲಗಿದ್ದು ಎದ್ದು ನಿಂತು, ನಮ್ಮ ಕೋಣೆಯ ಕಡೆಗಲ್ಲ, ತುಕ್ಕಾನಟ್ಟಿ ಇರುವ ಮೂಡಣ ದಿಕ್ಕಿಗೆ ನೋಡುತ್ತಿತ್ತು.

ಆಮೇಲೆ ಚಪ್ಪಾಳೆ. ಎಲ್ಲರಿಗೂ ಗಂಟೆ ಬೇಕಾಯಿತು. ಕೈಯಿಂದ ಕೈಗೆ ಹೋಯಿತು, ಒಬ್ಬೊಬ್ಬರೂ ಬಾರಿಸಿದರು. ಸಾಕು ಕೊಡಿ ಅಂದೆ. ಯಾರೂ ಕೇಳಿಸಿಕೊಳ್ಳಲಿಲ್ಲ, ಯಾಕೆಂದರೆ ನಾನೂ ಜೋರಾಗಿ ಹೇಳಲಿಲ್ಲ. ಊಟದ ಹೊತ್ತಿನ ತನಕ ಕೋಣೆಯಲ್ಲಿ ಎಲ್ಲೋ ಒಂದು ಕಡೆ ಅದು ಬಾರಿಸುತ್ತಲೇ ಇತ್ತು.

ಒಂದು ಗಂಟೆಗೆ ಸ್ವಲ್ಪ ಮುಂಚೆ ಅವ್ವನ ಫೋನು ಬಂತು.

‘ಕುರಿ ಬಂದಾವು’ ಅಂದಳು. ‘ನಿಮ್ಮಪ್ಪ ಬಂದಿಲ್ಲ.’

ಮಧ್ಯಾಹ್ನದ ಹೊತ್ತಿಗೆ ಕುರಿ ಹಟ್ಟಿಗೆ ಬರುವುದಿಲ್ಲ. ನನ್ನ ಬದುಕಿನಲ್ಲಿ ಬಂದದ್ದನ್ನು ನೋಡಿಲ್ಲ. ಹೊಸ ಟಗರು ಹಗ್ಗ ಎಳೆದುಕೊಂಡು ಮುಂದೆ, ಅದರ ಬೆನ್ನಿಗೆ ಅರವತ್ತೂ ಕುರಿ, ಒಂದೂ ಒದರದೆ ಅಂಗಳಕ್ಕೆ ಬಂದು ನಿಂತಿವೆ ಎಂದು ಅವ್ವ ಹೇಳಿದಳು. ‘ಹೆಣದ ಮನಿ ಮುಂದ ಮಂದಿ ನಿಂತಂಗ ನಿಂತಾವ್ ನೋಡು’ ಅಂದಳು. ಅಂದಮೇಲೆ ತಾನಾಡಿದ ಮಾತಿಗೆ ತಾನೇ ಹೆದರಿ ಫೋನು ಇಟ್ಟಳು.

ಗಂಟೆಯನ್ನು ಕಸಿದುಕೊಂಡೆ. ಮೇಜಿನ ಮೇಲೆ ಎಸೆದಿದ್ದ ಉಣ್ಣೆ ಇರಲಿಲ್ಲ, ಯಾರೋ ಕಸದ ಜೊತೆ ಗುಡಿಸಿದ್ದರು. ಕರವಸ್ತ್ರವನ್ನು ಗಂಟೆಯ ಬಾಯಿಗೆ ತುರುಕಿ, ಚೀಲದಲ್ಲಿಟ್ಟುಕೊಂಡು ಬಸ್ ಸ್ಟ್ಯಾಂಡಿಗೆ ಓಡಿದೆ. ಗೋಕಾಕದ ಬಸ್ಸು ಹೊರಡುವುದರಲ್ಲಿತ್ತು. ರಸ್ತೆ ಎಂಥದೆಂದು ಈ ಕಡೆಯವರಿಗೆ ಹೇಳಬೇಕಾಗಿಲ್ಲ. ಒಂದೊಂದು ತಗ್ಗಿಗೂ ಕರವಸ್ತ್ರ ಜಾರಿ ಗಂಟೆ ಬಾಯಿ ಬಿಡುತ್ತಿತ್ತು. ಮತ್ತೆ ತುರುಕುತ್ತಿದ್ದೆ, ಮತ್ತೆ ಜಾರುತ್ತಿತ್ತು. ಪಕ್ಕದಲ್ಲಿ ಕೂತಿದ್ದ ಹೆಂಗಸು ಬಹಳ ಹೊತ್ತು ನನ್ನ ಚೀಲವನ್ನೇ ನೋಡಿ, ಘಟಪ್ರಭಾ ಬಂದಾಗ ತಡೆಯಲಾರದೆ, ‘ಅದನ್ನ ಬಾಯಿ ಮುಚ್ಚರಿ ಬಾಯಾರ, ಎದಿ ಝಲ್ ಅನಸತೈತಿ’ ಅಂದಳು. ಆಗ ನಾನು ಚೀಲದೊಳಗೆ ಕೈ ಹಾಕಿ ಗಂಟೆಯ ನಾಲಿಗೆಯನ್ನೇ ಮುಷ್ಟಿಯಲ್ಲಿ ಹಿಡಿದೆ. ಕಬ್ಬಿಣದ ನಾಲಿಗೆ, ತಣ್ಣಗಿತ್ತು. ಹಿಡಿದ ಮೇಲೆ ಬಿಡಲಿಲ್ಲ. ಕೈ ಗಡಿಯಾರ ನೋಡಿದ್ದು ನೆನಪಿದೆ, ಎರಡಕ್ಕೆ ಹತ್ತು ನಿಮಿಷ ಇತ್ತು.

ಗೋಕಾಕದಲ್ಲಿ ಇಳಿಯುವಾಗ ಅವ್ವ ಮತ್ತೆ ಫೋನು ಮಾಡಿದಳು. ಅಪ್ಪ ಸಿಕ್ಕಿದ್ದ. ಊರಿನಿಂದ ಬಹಳ ದೂರ, ಕಲ್ಲೋಳಿಯ ಕಡೆ, ಕಾಲುವೆಯ ದಂಡೆಯಲ್ಲಿ. ಕಬ್ಬಿಗೆ ನೀರು ಹಾಯಿಸುತ್ತಿದ್ದ ನಾಗನೂರಿನವನೊಬ್ಬ ನೋಡಿ ಸುದ್ದಿ ಕೊಟ್ಟಿದ್ದ. ಎಷ್ಟು ಕರೆದರೂ ಅಪ್ಪ ಏಳುತ್ತಿಲ್ಲವಂತೆ. ಹೋಗಿ ಕರೆದುಕೊಂಡು ಬಾ ಎಂದು ಅವ್ವ ಅತ್ತಳು.

ಆಟೋ ಹಿಡಿದು ಹೋಗಿ ಮುಟ್ಟುವಾಗ ಬಿಸಿಲು ಇಳಿಯತೊಡಗಿತ್ತು. ಕಾಲುವೆಗೆ ನೀರು ಬಿಟ್ಟಿದ್ದರು, ದಂಡೆ ತುಂಬಿ ಹರಿಯುತ್ತಿತ್ತು. ನಾಗನೂರಿನವನು ದೂರದಲ್ಲೇ ತನ್ನ ಮೋಟರ್‌ಸೈಕಲ್ಲಿಗೆ ಆತುಕೊಂಡು ನಿಂತಿದ್ದ.

‘ಅಜ್ಜಾರ ನೆಟ್ಟಗ ನೀರಿಗಿ ಹೊಂಟಿದ್ರರಿ’ ಅಂದ. ‘ನಾ ಒದರಾಕತ್ತೇನಿ, ಅವರಿಗಿ ಕೇಳವಲ್ದು. ಒಂದ ಹೆಜ್ಜಿ ಇತ್ತ ನೋಡ್ರಿ, ಒಂದ. ಗಕ್ಕನ ನಿಂತ್ರು. ಯಾರೋ ಹಿಂದಿಂದ ಅಂಗಿ ಹಿಡದಂಗ ನಿಂತ್ರು. ಹಂಗ ಕುಂತಬಿಟ್ರು.’

‘ಎಷ್ಟ ಹೊತ್ತಿನಾಗ?’

‘ಎರಡರ ಸುಮಾರ ಇರಬೇಕ್ರಿ.’

ಅಪ್ಪ ಹೆಗಲ ಮೇಲೆ ಕಂಬಳಿ ಹಾಕಿಕೊಂಡು ಪಡುವಣಕ್ಕೆ ಮುಖ ಮಾಡಿ ಕೂತಿದ್ದ. ಹುಕ್ಕೇರಿ ಇರುವ ದಿಕ್ಕು ಅದು. ಕಾಲುಗಳು ಕಾಲುವೆಯ ಇಳಿಜಾರಿನ ಮೇಲಿದ್ದವು, ಪಾದಕ್ಕೂ ನೀರಿಗೂ ಗೇಣು ಅಂತರ. ನಾನು ಮಾತಾಡಲಿಲ್ಲ, ಚಪ್ಪಲಿ ಸಪ್ಪಳ ಸಹ ಆಗದಂತೆ ಹೋದೆ, ಬೆಚ್ಚಿ ಜಾರಿಬಿಟ್ಟಾನೆಂದು. ಗಂಟೆ ಚೀಲದಲ್ಲಿತ್ತು, ಅದರ ನಾಲಿಗೆ ನನ್ನ ಮುಷ್ಟಿಯಲ್ಲಿತ್ತು.

‘ಬಂತ ನೋಡ ಗಂಟಿ’ ಅಂದ ಅಪ್ಪ, ತಿರುಗದೆ.

ಅವನ ತೋಳು ಹಿಡಿದು ಹಿಂದಕ್ಕೆ ಸರಿಸಿ, ಮಗ್ಗುಲಲ್ಲೇ ಕುಸಿದು ಕೂತೆ. ಇಲ್ಲಿಗೆ ಯಾಕೆ ಬಂದೆ ಎಂದು ಕೇಳಿದೆ. ಬೈಯಬೇಕೆಂದುಕೊಂಡಿದ್ದೆ, ಬೈಗುಳ ಹೊರಡಲಿಲ್ಲ.

‘ಹೊತ್ತ ಏರಿದಾಗ ಕೇಳಿತು’ ಅಂದ. ‘ಮೊದಲ ಮೂರ ಸಲ. ನಿನ್ನಂಗ, ಅವಸರದ ಕೈ. ಆಮ್ಯಾಲ ಯಾರ್ಯಾರದೋ ಕೈ, ಬಾಳ ಮಂದಿ. ಟಗರ ಮನಿ ಕಡಿ ಜಗ್ಗಿತು, ಗಂಟಿ ಈ ಕಡಿ ಕರೀತು. ಇಷ್ಟ ವರ್ಷ ಕೇಳಿದ ಗಂಟಿ. ಅದರ ಮಾತ ಹೆಂಗ ಮುರೀಲಿ? ಹಗ್ಗ ಬಿಟ್ಟೆ.’

‘ಆಮ್ಯಾಲ?’

‘ಆಮ್ಯಾಲ ಒಮ್ಮಿಗೇ ನಿಂತಬಿಟ್ಟಿತು. ಎಲ್ಲಿಗಿ ಹೋಗೂದು ತಿಳೀಲಿಲ್ಲ. ಕುಂತೆ.’

ಈ ಸೀಮೆಯಲ್ಲಿ ಕುರಿಹಿಂಡು ಒಂದೇ ಎರಡೇ? ಬೇರೆ ಯಾರದೋ ಗಂಟೆ ಕೇಳಿರಬೇಕು ಎಂದು ನಾನು ಆವತ್ತಿನಿಂದ ನೂರು ಸಲ ನನಗೆ ಹೇಳಿಕೊಂಡಿದ್ದೇನೆ. ಹುಕ್ಕೇರಿಯ ಸಪ್ಪಳ ಕಲ್ಲೋಳಿಗೆ ಕೇಳುವುದು ಆಗದ ಮಾತು. ಆದರೆ ಮೂರು ಸಲ ಎಂಬುದನ್ನು ಅವನಿಗೆ ಯಾರು ಹೇಳಿದರು? ಅವ್ವನಿಗೂ ನಾನು ಹೇಳಿರಲಿಲ್ಲ.

‘ಉಣ್ಣಿ ತಗದಿ ಏನು?’ ಎಂದು ಅಪ್ಪ ಕೇಳಿದ.

‘ಇಲ್ಲ’ ಅಂದೆ. ವಯಸ್ಸಾದ ಮೇಲೂ ಅಪ್ಪನ ಮುಂದೆ ಹೀಗೆ ಸುಳ್ಳು ಹೇಳಲು ಬಂತಲ್ಲ, ನಾಚಿಕೆಯಾಗುತ್ತದೆ.

‘ಕೊಡಿಲ್ಲಿ’ ಎಂದು ಕೈ ಚಾಚಿದ. ನಾಲಿಗೆ ಬಿಡದೆ ಗಂಟೆಯನ್ನು ಅವನ ಮುಖದೆದುರು ಹಿಡಿದೆ. ಅವನ ಕೈ ಗಂಟೆಯ ಕಡೆ ಬರಲಿಲ್ಲ. ಮೊಳದಷ್ಟು ಆಚೆ, ಏನೂ ಇಲ್ಲದ ಗಾಳಿಯಲ್ಲಿ ಐದು ಬೆರಳೂ ಬಿಚ್ಚಿ ತಡಕಾಡುತ್ತಿತ್ತು. ನಾನು ಗಂಟೆಯನ್ನು ಎಡಕ್ಕೆ ಒಯ್ದೆ, ಬಲಕ್ಕೆ ಒಯ್ದೆ. ಅವನ ಕಣ್ಣು ನಿಂತಲ್ಲೇ ನಿಂತಿದ್ದವು.

ಯಾರು ಎಂದು ಕೇಳಿದ್ದು, ಕಪ್ಪಿನ ಅಂಚು ಸವರಿದ್ದು, ಗೋಡೆ ಹಿಡಿದು ಹೋದದ್ದು, ಹಗ್ಗದ ತುದಿ ಬಿಡದೆ ಟಗರಿನ ಹಿಂದೆ ನಡೆದದ್ದು ಎಲ್ಲ ಒಮ್ಮೆಲೇ ಬಂದು ನನ್ನ ಎದೆಗೆ ಒದ್ದವು. ಅಪ್ಪ ಟಗರಿಗೆ ದಾರಿ ಕಲಿಸುತ್ತಿರಲಿಲ್ಲ.

‘ಯಾವಾಗಿಂದ ಯಪ್ಪಾ?’

‘ಎರಡ ವರ್ಷಾತು. ಮೊದಲ ಮಂಜ ಮಂಜ ಇತ್ತು. ಈಗ ಬೆಳಕ ಅಷ್ಟ ತಿಳಿತೈತಿ.’

‘ಯಾಕ ಹೇಳಲಿಲ್ಲ ನೀ?’

‘ಹೇಳಿದ್ರ ಕುರಿ ಮಾರಸ್ತಿದ್ರಿ’ ಅಂದ. ‘ಗಂಟಿ ಇತ್ತಲ್ಲ, ನಡೀತಿತ್ತು. ಯಾರ ಸಲುವಾಗಿ ಸಪ್ಪಳ ಅಂತ ನಿನ್ನಿ ಕೇಳಿದಿ. ಅದು ಕುರಿ ಸಲುವಾಗಿ ಕಟ್ಟಿದ್ದ ಅಲ್ಲವ್ವ. ನನ್ನ ಸಲುವಾಗಿ.’

ನನಗೆ ಅಳು ಬಂತು. ನಲವತ್ತು ಮಂದಿಯ ಮುಂದೆ ಒಂದು ಶಬ್ದದ ಒಂದೊಂದು ಅರ್ಥವನ್ನೂ ಬಿಡಿಸಿ ಹೇಳಿದವಳಿಗೆ ಹೆತ್ತ ತಂದೆಯ ಕಣ್ಣು ಹೋದದ್ದು ಎರಡು ವರ್ಷ ಗೊತ್ತಿರಲಿಲ್ಲ. ಅವನ ಬದುಕನ್ನು ಚೀಲದಲ್ಲಿ ಹಾಕಿಕೊಂಡು ಹೋಗಿ ಪ್ರದರ್ಶನಕ್ಕೆ ಇಟ್ಟೆ, ಹಿಂದಿನ ಬೆಂಚಿನವನ ಮಾತಿಗೆ ಸಿಟ್ಟಾಗಿ ಬಾರಿಸಿದೆ. ಒಂದು ಹೆಜ್ಜೆ ಉಳಿದಿತ್ತು.

ಗಂಟೆಯನ್ನು ಅವನ ಅಂಗೈಯಲ್ಲಿಟ್ಟೆ. ಅವನು ಅದರ ಬಾಯೊಳಗೆ ತೋರುಬೆರಳು ಹಾಕಿದ. ಸುತ್ತ ಒಮ್ಮೆ ತಿರುಗಿಸಿದ. ಉಣ್ಣೆ ಇಲ್ಲವೆಂದು ಅವನಿಗೆ ತಿಳಿಯಿತು, ತಿಳಿಯಿತೆಂದು ನನಗೂ ತಿಳಿಯಿತು. ಕಂಬಳಿಯ ಅಂಚನ್ನು ಹುಡುಕಿ, ಎಳೆ ಎಳೆಯಾಗಿ ಕಿತ್ತು, ಉಂಡೆ ಮಾಡಿ ಗಂಟೆಯ ಬಾಯಿಗೆ ಗಿಡಿದು ತುಂಬಿದ. ಆಮೇಲೆ ಎದ್ದು ನಿಂತು ಕಾಲುವೆಗೆ ಬೆನ್ನು ಮಾಡಿದ.

ನಾಗನೂರಿನವನು ಮೋಟರ್‌ಸೈಕಲ್ ಮೇಲೆ ಬಿಟ್ಟು ಬರುತ್ತೇನೆ ಅಂದ. ಅಪ್ಪ ಒಲ್ಲೆ ಅಂದ, ನಡೆದು ಬಂದವನು ನಡೆದೇ ಹೋಗುತ್ತಾನಂತೆ. ನಾನು ಅವನ ಕೈ ಹಿಡಿಯಲು ಹೋದೆ. ಬಿಡಿಸಿಕೊಂಡ.

‘ಕೈ ಹಿಡೀಬ್ಯಾಡ. ಮುಂದ ನಡಿ. ಬಳಿ ಸಪ್ಪಳ ಮಾಡಕೋತ ನಡಿ.’

‘ಒಂದೊಂದ ಬಳಿ, ಸಪ್ಪಳ ಆಗೂದಿಲ್ಲಪಾ.’

‘ಹಂಗಾರ ಮಾತಾಡಕೋತ ನಡಿ.’

ಮುಂದೆ ನಡೆದೆ. ಮಾತಾಡುವುದೇ ನನ್ನ ಕೆಲಸ, ಶಾಲೆಯಲ್ಲಿ ದಿನಕ್ಕೆ ಆರು ತಾಸು ಬಾಯಿಗೆ ಬಿಡುವಿಲ್ಲ. ಅಲ್ಲಿ ಒಂದು ಮಾತು ಸಿಗಲಿಲ್ಲ. ಕಡೆಗೆ ಕಣ್ಣಿಗೆ ಕಂಡದ್ದನ್ನೇ ಹೇಳತೊಡಗಿದೆ. ಇಲ್ಲಿ ಕಲ್ಲ ಐತಿ ಯಪ್ಪಾ. ಇಲ್ಲಿ ತಗ್ಗ ಐತಿ. ಎಡಕ್ಕ ಕಬ್ಬ, ಬಲಕ್ಕ ಗೋವಿನಜೋಳ. ಇಲ್ಲಿ ನೀರ ಹಾದಾವು, ಜಾರತೈತಿ. ಹಿಂದೆ ಅವನ ಹೆಜ್ಜೆ ಕೇಳುತ್ತಿತ್ತು, ನನ್ನ ಮಾತು ಎಲ್ಲಿ ಬಿತ್ತೋ ಅಲ್ಲೇ ಬೀಳುತ್ತಿತ್ತು. ಹೊಲ ಒಂದೊಂದಾಗಿ ಹಿಂದೆ ಸರಿದವು. ತುಕ್ಕಾನಟ್ಟಿಯ ಕಡೆಯ ಗಿಡಗಳು ಕಾಣತೊಡಗಿದಾಗ ಹೊಟ್ಟೆಯಿಂದ ದುಃಖ ಒತ್ತಿ ಬಂದು ನನ್ನ ದನಿ ಹೂತುಹೋಯಿತು. ನಾಲ್ಕು ಹೆಜ್ಜೆ ಸುಮ್ಮನೆ ನಡೆದೆ. ಹಿಂದೆ ಅವನ ಹೆಜ್ಜೆ ನಿಂತಿತು.

‘ಯವ್ವಾ’ ಎಂದು ಅಪ್ಪ ಕೂಗಿದ. ಅವನ ದನಿಯಲ್ಲಿ ಹೆದರಿಕೆ ಇದ್ದದ್ದನ್ನು ನಾನು ಮೊದಲ ಸಲ ಕೇಳಿದೆ. ‘ಸಪ್ಪಳ ನಿಲ್ಲಸಬ್ಯಾಡ.’